ಪರದೆ ಪಕ್ಕದ ವರ

ನನ್ನನ್ನು ಸೋಯಾ ಸಾಸ್ ಮಾಡುವವರ ಮನೆಗೆ ಮನೆಯಳಿಯನಾಗಿ ಕಳಿಸುವುದೆಂದು ನಮ್ಮಮ್ಮ ತೀರ್ಮಾನ ಮಾಡಿದಾಗ ನನಗೆ ಇಪ್ಪತ್ತಾರು ವರ್ಷ. ಇಡೀ ಚೋಶಿ ಊರಿನಲ್ಲಿ ನನ್ನಷ್ಟು ಮಾತು ಬಲ್ಲವನು ಇನ್ನೊಬ್ಬನಿಲ್ಲವೆಂದು ನನಗೆ ಖಾತ್ರಿಯಿತ್ತು. ಅದು ಚಿತ್ರಗಳಿಗೆ ಇನ್ನೂ ಬಾಯಿ ಬಂದಿರದ ಕಾಲ. ಪರದೆಯ ಮೇಲೆ ಜನ ಸುಮ್ಮನೆ ತುಟಿ ಆಡಿಸುತ್ತಿದ್ದರು. ಪರದೆಯ ಎಡಕ್ಕೆ, ಮುಸುಕು ಹಾಕಿದ ಪುಟ್ಟ ದೀಪದ ಹಿಂದೆ ನಿಂತು ಅವರೆಲ್ಲರ ಮಾತನ್ನೂ ನಾನು ಆಡುತ್ತಿದ್ದೆ. ಸಮುರಾಯಿ ನಾನೇ, ಅವನ ಕೈಯಲ್ಲಿ ಸಾಯುವ ಕಳ್ಳ ನಾನೇ, ಕಳ್ಳನ ಹೆಂಡತಿಯೂ ನಾನೇ, ಅವಳ ಬೆನ್ನಿನ ಮೇಲಿನ ಕೂಸು ಅತ್ತರೆ ಅದೂ ನಾನೇ. ಈ ಕಸುಬಿನವರನ್ನು ಬೆನ್ಶಿ ಅನ್ನುತ್ತಾರೆ. ಮಿನಾತೊ ಚಿತ್ರಮಂದಿರದ ಮುಂದೆ ಹಾರುವ ಬಾವುಟಗಳಲ್ಲಿ ನಟನಟಿಯರಿಗಿಂತ ದಪ್ಪ ಅಕ್ಷರದಲ್ಲಿ ನನ್ನ ಹೆಸರಿರುತ್ತಿತ್ತು: ಮಿಸಾಕಿ ರಾನ್ಸುಯ್. ಮನೆಯಲ್ಲಿ ಮಾತ್ರ ನಾನು ಬರೀ ಕಿಸಾಬುರೊ.

"ಮಸುಯ ಮನೆಯವರಿಗೆ ಒಬ್ಬಳೇ ಮಗಳು. ಗಂಡು ದಿಕ್ಕಿಲ್ಲ" ಅಂದಳು ಅಮ್ಮ, ಬೂತಾಯಿ ಮೀನನ್ನು ಚಾಪೆಯ ಮೇಲೆ ಒಣಗಲು ಹರಡುತ್ತ. "ಮನೆ ಹೆಸರು ಉಳಿಸೋಕೆ ಒಬ್ಬ ಅಳಿಯ ಬೇಕಂತೆ. ನೀನು ಮೂರನೇ ಮಗ. ನಮ್ಮನೇಲಿ ನಿನ್ನಿಂದ ಆಗಬೇಕಾದ್ದು ಏನೂ ಇಲ್ಲ."

"ಅಲ್ಲಿಗೆ ಹೋದ್ರೆ ಇದನ್ನ ಬಿಡಬೇಕಾಗುತ್ತಲ್ಲಮ್ಮ."

"ಯಾವುದನ್ನ?"

"ಮಾತಾಡೋದನ್ನ."

"ಬಿಡು. ಹುಟ್ಟಿದಾಗಿಂದ ಆಡ್ತಾನೇ ಇದ್ದೀಯ, ಇನ್ನೂ ಸಾಕಾಗಿಲ್ವಾ?"

ನಗಬೇಡಿ, ಅಮ್ಮನ ಕಡೆಯೂ ನ್ಯಾಯವಿತ್ತು. ಅಪ್ಪ ದೋಣಿಯೊಂದಿಗೆ ಮುಳುಗಿ ಹೋದಾಗ ನನಗೆ ನಾಲ್ಕು ವರ್ಷ. ಮಸುಯ ಮನೆಯ ಹಿರಿಯಾಕೆ ತೊಸೆ ಅಮ್ಮ ನಮ್ಮಮ್ಮನನ್ನು ಅಡುಗೆಮನೆಗೆ ಕರೆದು ಕೆಲಸ ಕೊಟ್ಟಳು, ಎಂಟು ವರ್ಷ ನಾವು ಮೂವರು ಹುಡುಗರು ಆ ಮನೆಯ ಅನ್ನ ತಿಂದು ಬೆಳೆದೆವು. ಆ ತೊಸೆ ಅಮ್ಮ ಈಗ ತಾನಾಗಿ ಬಾಯಿಬಿಟ್ಟು ಒಬ್ಬ ಮಗನನ್ನು ಕೇಳಿದ್ದಳು.

"ಅವರು ಕೇಳಿದ ಮೇಲೆ ಇಲ್ಲ ಅನ್ನೋ ಮುಖ ನನಗಿಲ್ಲ ಕಣೋ" ಅಂದಳು ಅಮ್ಮ. "ಅವರಾಗಿ ಬೇಡ ಅಂದ್ರೆ ಆ ಮಾತು ಬೇರೆ."

ಅಮ್ಮನ ಬಾಯಿಂದ ಜಾರಿದ ಆ ಕೊನೆಯ ಮಾತನ್ನು ನಾನು ಗಟ್ಟಿಯಾಗಿ ಹಿಡಿದುಕೊಂಡೆ. ಅವರು ಬೇಡ ಅನ್ನುವ ಹಾಗೆ ಮಾಡಿದರೆ ಆಯಿತು. ಅಮ್ಮನ ಋಣಕ್ಕೂ ಕುಂದಿಲ್ಲ, ನನ್ನ ದೀಪಕ್ಕೂ ಕುಂದಿಲ್ಲ.

ನಮ್ಮಲ್ಲಿ ಗಂಡು ಹೆಣ್ಣು ನೋಡುವ ಶಾಸ್ತ್ರವನ್ನು ನಾಟಕಶಾಲೆಯಲ್ಲಿ ಇಟ್ಟುಕೊಳ್ಳುವುದುಂಟು. ಎರಡು ಕಡೆಯವರೂ ನಾಟಕಕ್ಕೆಂದು ಬಂದವರ ಹಾಗೆ ಕೂತು, ಓರೆಗಣ್ಣಲ್ಲಿ ನೋಡಿಕೊಂಡು, ಒಪ್ಪಿಗೆಯಾಗದಿದ್ದರೆ ನಾಟಕ ಚೆನ್ನಾಗಿತ್ತು ಅಂತ ಹೇಳಿ ಮನೆಗೆ ಹೋಗುತ್ತಾರೆ. ಯಾರ ಮಾನವೂ ಹೋಗುವುದಿಲ್ಲ. ತೊಸೆ ಅಮ್ಮ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಹುಡುಗನನ್ನು ಅವನ ಕೆಲಸದ ಜಾಗದಲ್ಲೇ ನೋಡುತ್ತೇನೆ ಅಂದಳು. ಎತ್ತು ಕೊಳ್ಳುವಾಗ ಹೂಡಿ ನೋಡುವುದಿಲ್ಲವೇ ಅಂದಳಂತೆ. ಭಾನುವಾರದ ಮಧ್ಯಾಹ್ನದ ಆಟಕ್ಕೆ ಮಹಡಿಯ ಮೇಲೆ, ಸಂಸಾರಸ್ಥರು ಕೂರುವ ಕಡೆ ಮೂರು ಜಾಗ ಹೇಳಿ ಕಳಿಸಿದಳು: ತನಗೆ, ಮೊಮ್ಮಗಳಿಗೆ, ನಮ್ಮಮ್ಮನಿಗೆ.

ನಾನು ಮಾಡಬೇಕಾದ್ದು ಸುಲಭ. ಆ ದಿನ ಕೆಟ್ಟದಾಗಿ ಮಾತಾಡಬೇಕು. ಬಾಯಲ್ಲಿ ಗಂಜಿ ಇಟ್ಟುಕೊಂಡವನ ಹಾಗೆ ಗೊಣಗಿ, ಜನರಿಂದ ಛೀ ಥೂ ಅನ್ನಿಸಿಕೊಂಡರೆ, ಇಂಥ ದಂಡಪಿಂಡವನ್ನು ಯಾವ ಅಜ್ಜಿ ತಾನೇ ಮನೆ ತುಂಬಿಸಿಕೊಳ್ಳುತ್ತಾಳೆ?

ಆ ವಾರದ ಚಿತ್ರವೂ ಸಮಯಕ್ಕೆ ಸರಿಯಾಗಿ ಸಿಕ್ಕಿತ್ತು. ಒಬ್ಬ ಬಟ್ಟೆ ವ್ಯಾಪಾರಿಯ ಮಗಳು, ಅವಳು ಇಷ್ಟಪಟ್ಟ ದೋಣಿ ಬಡಗಿ, ಅಪ್ಪ ಗೊತ್ತು ಮಾಡಿದ ಬೇರೆ ವರ. ಕೊನೆಗೆ ಹುಡುಗಿ ಮನೆತನಕ್ಕಾಗಿ ಮನಸ್ಸನ್ನು ನುಂಗಿಕೊಂಡು ಹಸೆಗೆ ಕೂರುತ್ತಾಳೆ. ಒಟ್ಟು ಐದು ರೀಲು. ಊರಿಗೆ ಬಂದದ್ದು ಒಂದೇ ಪ್ರತಿ, ಚಿತ್ರಮಂದಿರಗಳು ಎರಡು. ಆ ತುದಿಯ ಮಂದಿರದಲ್ಲಿ ಒಂದೊಂದು ರೀಲು ಮುಗಿದ ಹಾಗೂ ಗಿನ್‌ಜಿ ಅದನ್ನು ಸೈಕಲ್ಲಿಗೆ ಕಟ್ಟಿಕೊಂಡು ನಮ್ಮಲ್ಲಿಗೆ ತರುತ್ತಿದ್ದ. ಗಿನ್‌ಜಿಗೆ ಐವತ್ತು ದಾಟಿತ್ತು, ಹಿಂದೆ ರಿಕ್ಷಾ ಎಳೆದವನು, ಹೊಟ್ಟೆ ಸೈಕಲ್ಲಿಗಿಂತ ಮುಂದೆ ಬರುತ್ತಿತ್ತು.

ಭಾನುವಾರ ಮಂದಿರ ಕಿಕ್ಕಿರಿದಿತ್ತು. ಕೆಳಗೆ ಒಂದು ಕಡೆ ಗಂಡಸರು, ಒಂದು ಕಡೆ ಹೆಂಗಸರು, ಹಿಂದೆ ಎತ್ತರದ ಕುರ್ಚಿಯಲ್ಲಿ ಪೊಲೀಸಿನ ಕುರಾತಾ. ನಾವು ಆಡುವ ಮಾತೆಲ್ಲ ಮೊದಲೇ ಬರೆದು ಠಾಣೆಗೆ ಕೊಡಬೇಕಿತ್ತು. ಅದನ್ನು ತೊಡೆಯ ಮೇಲಿಟ್ಟುಕೊಂಡು, ನಾವು ಅದನ್ನೇ ಆಡುತ್ತಿದ್ದೇವೋ ಇಲ್ಲವೋ ಅಂತ ನೋಡುವುದು ಅವನ ಕೆಲಸ. ಮಹಡಿಯ ಮೇಲೆ ಮೂರು ನೆರಳು ಕಂಡವು. ತುದಿಯ ನೆರಳು ಸಣ್ಣದಾಗಿ, ನೆಟ್ಟಗೆ ಕೂತಿತ್ತು. ಮಿನೆ ಅಂತ ಅವಳ ಹೆಸರು. ಚಿಕ್ಕ ಕೂಸಾಗಿದ್ದಾಗ ಕಂಡದ್ದು ಬಿಟ್ಟರೆ ಅಷ್ಟೇ ನನಗೆ ಗೊತ್ತಿದ್ದದ್ದು.

ಮೊದಲ ರೀಲನ್ನು ನಾನು ಮನಸಾರೆ ಕೆಡಿಸಿದೆ. ಅಪ್ಪನ ಮಾತನ್ನು ಮಗಳ ಬಾಯಿಗೆ ಹಾಕಿದೆ, ಬಡಗಿಯನ್ನು ಮುದುಕನ ದನಿಯಲ್ಲಿ ಕೆಮ್ಮಿಸಿದೆ.

"ರಾನ್ಸುಯ್, ನಿದ್ದೆ ಬಂದಿದ್ರೆ ಮನೆಗೆ ಹೋಗಿ ಮಲಕ್ಕೋ" ಅಂತ ಒಬ್ಬ ಬೆಸ್ತ ಕೂಗಿದ.

"ಬೆಳಿಗ್ಗೆಯಿಂದ ಕುಡಿದವ್ನೆ ಅನ್ಸುತ್ತೆ" ಅಂತ ಇನ್ನೊಬ್ಬಳು.

ಕೂರುವ ದಿಂಬೊಂದು ಹಾರಿ ಬಂದು ನನ್ನ ಕಿವಿಗೆ ಬಡಿಯಿತು. ಇದಕ್ಕಿಂತ ಚೆನ್ನಾಗಿ ನಡೆಯಲು ಸಾಧ್ಯವೇ ಇರಲಿಲ್ಲ. ಆದರೆ ಎರಡನೇ ರೀಲಿನಲ್ಲಿ, ಹುಡುಗಿ ಬಡಗಿಯ ಹರಿದ ತೋಳನ್ನು ಹೊಲಿಯುವ ಜಾಗದಲ್ಲಿ, ಮುಂದಿನ ಸಾಲಿನ ಒಬ್ಬ ಮುದುಕಿ ಪಕ್ಕದವಳನ್ನು ಕೇಳಿದ್ದು ನನ್ನ ಕಿವಿಗೆ ಬಿತ್ತು.

"ಏನಂತೆ ಅವಳು ಹೇಳಿದ್ದು? ನಂಗೆ ಕೇಳಿಸ್ಲಿಲ್ಲ."

"ಏನೋಪ್ಪ. ಇವತ್ತು ಏನೂ ಹೇಳ್ತಾ ಇಲ್ಲ ಇವ್ನು."

ಆ ಮುದುಕಿ ಪ್ರತಿ ವಾರ ದೀಪಸ್ತಂಭದ ಕಡೆಯಿಂದ ನಡೆದು ಬರುತ್ತಿದ್ದಳು. ಒಂದು ಮಧ್ಯಾಹ್ನದ ಕಥೆಗಾಗಿ ಅಷ್ಟು ದೂರ. ನನಗೆ ನಾಚಿಕೆಯಾಯಿತು. ಸುಳ್ಳೇಕೆ, ನಾಚಿಕೆಗಿಂತ ಹೆಚ್ಚಾಗಿ ಜಂಬ ಕೆರಳಿತು. ಪರದೆಯ ಮೇಲೆ ಅಷ್ಟು ಒಳ್ಳೆಯ ಮುಖ ಹಾಕಿಕೊಂಡು ಆ ಹುಡುಗಿ ನನ್ನ ಮಾತಿಗೆ ಕಾಯುತ್ತಿದ್ದಳು, ನಾನು ಗೊಣಗುತ್ತಿದ್ದೆ. ಗಂಟಲು ಸರಿಮಾಡಿಕೊಂಡು, "ಸೂಜಿ ಚುಚ್ಚಿದರೆ ಹೇಳಿ, ನಿಮ್ಮ ತೋಳಿಗಲ್ಲ, ನನ್ನ ಬೆರಳಿಗೇ ಚುಚ್ಚಿಕೊಳ್ಳುತ್ತೇನೆ" ಅಂದೆ. ಎಸೆಯಲು ದಿಂಬು ಎತ್ತಿದ್ದವನೊಬ್ಬ ಅದನ್ನು ಕೆಳಗಿಟ್ಟು ಕೂತ.

ಆಮೇಲೆ ನನ್ನನ್ನು ಹಿಡಿಯುವವರಿರಲಿಲ್ಲ. ಮೂರನೇ ರೀಲಿನ ಹೊತ್ತಿಗೆ ಹೆಂಗಸರ ಕಡೆ ಕರವಸ್ತ್ರಗಳು ಹೊರಬಂದಿದ್ದವು. ನಾಲ್ಕನೆಯದರಲ್ಲಿ ಕುರಾತಾ ಟೋಪಿ ತೆಗೆದು ಅದರಿಂದಲೇ ಮುಖ ಒರೆಸಿಕೊಂಡ. ಮಹಡಿಯ ಕಡೆ ನೋಡಿದರೆ, ಅಜ್ಜಿ ನಮ್ಮಮ್ಮನ ತೋಳು ಹಿಡಿದುಕೊಂಡು ಬಿಕ್ಕುತ್ತಿದ್ದಳು. ನನ್ನ ಕಥೆ ಮುಗಿಯಿತು ಅಂದುಕೊಂಡೆ. ಮೂರು ರೀಲು ಬಾಯಿ ಬಿಗಿಹಿಡಿಯಲಾರದೆ ಜನ್ಮಪೂರ್ತಿ ಸೋಯಾ ಕಲಕಲು ಹೊರಟಿದ್ದೆ.

ನಾಲ್ಕನೇ ರೀಲಿನ ಕೊನೆಯಲ್ಲಿ ಅಪ್ಪ ನಾಳೆಯೇ ಮದುವೆ ಅನ್ನುತ್ತಾನೆ. ಹುಡುಗಿ ಎದ್ದು ಹೋಗಿ ಬಾಗಿಲ ಮೇಲೆ ಕೈ ಇಡುತ್ತಾಳೆ. ಅಲ್ಲಿಗೆ ಪರದೆ ಬೆಳ್ಳಗಾಯಿತು. ಐದನೇ ರೀಲು ಬಂದಿರಲಿಲ್ಲ.

ಆಮೇಲೆ ತಿಳಿದದ್ದು ಏನೆಂದರೆ, ಸಮುದ್ರದ ಗಾಳಿಗೆ ಗಿನ್‌ಜಿಯ ಸೈಕಲ್ಲು ವಾಲಿ ನೇರವಾಗಿ ನಮ್ಮ ಮನೆಯ ಬೂತಾಯಿ ಚಾಪೆಗಳ ಮೇಲೆ ನುಗ್ಗಿತ್ತು. ನಮ್ಮಣ್ಣ ಅವನ ಕೈಲಿ ಒಂದೊಂದು ಮೀನನ್ನೂ ಆರಿಸಿ ಇಡಿಸದೆ ಬಿಟ್ಟಿರಲಿಲ್ಲ. ಆಗ ನನಗೆ ಅದು ಗೊತ್ತಿರಲಿಲ್ಲ. ಗೊತ್ತಿದ್ದದ್ದು ಒಂದೇ: ರೀಲು ಬರುವವರೆಗೆ ಜನರನ್ನು ಸುಮ್ಮನೆ ಕೂರಿಸಬಾರದು. ಹಾಗೆ ಕೂರಿಸಿದವನು ಬೆನ್ಶಿಯೇ ಅಲ್ಲ. ಚಿತ್ರ ಓಡುತ್ತಲೇ ಇದೆ ಅನ್ನುವವನ ಹಾಗೆ ನಾನು ಬರೀ ಬಿಳಿ ಬಟ್ಟೆಯ ಮುಂದೆ ಕಥೆ ಮುಂದುವರಿಸಿದೆ.

"ಮಗಳೇ" ಅಂದೆ, ಅಪ್ಪನ ದಪ್ಪ ದನಿಯಲ್ಲಿ. "ಬಾಗಿಲ ಮೇಲೆ ಕೈ ಇಟ್ಟಿದ್ದೀಯ. ಎಲ್ಲಿಗೆ ಹೊರಟೆ?"

ಮಗಳ ದನಿಗೆ ಇಳಿಯುವ ಮುಂಚೆ ಒಂದು ಉಸಿರು ಬಿಡುವುದು ನನ್ನ ವಾಡಿಕೆ. ಆ ಬಿಡುವಿನಲ್ಲಿ ಮಹಡಿಯಿಂದ ಉತ್ತರ ಬಂತು.

"ಹೊರಗಡೆ ಹೋಗ್ತೀನಿ, ಅಪ್ಪ."

ಎಲ್ಲರೂ ಅದು ನನ್ನದೇ ಹೊಸ ಕೈಚಳಕ ಅಂದುಕೊಂಡರು. ನನ್ನ ಹೆಣ್ಣುದನಿ ಊರಿಗೆಲ್ಲ ಇಷ್ಟ, ಆದರೆ ಅದು ಮೂಗಿನಿಂದ ಬರುವಂಥದ್ದು. ಇದು ಎದೆಯಿಂದ ಬಂದಿತ್ತು, ಅವಸರವಿಲ್ಲದೆ. ಮಹಡಿಯ ತುದಿಯ ಆ ಸಣ್ಣ ನೆರಳು ಮುಂದಕ್ಕೆ ಬಾಗಿತ್ತು. ಆದರೂ ಕಸುಬು ಕಸುಬೇ.

"ಹೊರಗಡೆ ಚಳಿ. ಒಳಗೆ ನಿನ್ನ ಮದುವೆಗೆ ಎಲ್ಲ ಸಿದ್ಧವಾಗಿದೆ. ನೀನು ಹೋದರೆ ಈ ಮನೆಯ ಹೆಸರು ಏನಾಗಬೇಕು?"

"ಮನೆ ಹೆಸರು ಹೊರಗಿನ ಹಲಗೆ ಮೇಲೆ ಚೆನ್ನಾಗೇ ಇದೆಯಲ್ಲ ಅಪ್ಪ. ಇಷ್ಟು ವರ್ಷದ ಮಳೆಗೇ ಅಳಿಸಿಲ್ಲ, ನಾನು ಹೋದ್ರೆ ಅಳಿಸುತ್ತಾ?"

ಹೆಂಗಸರ ಕಡೆಯಿಂದ ಕಿಸಕ್ಕನೆ ನಗು ಬಂತು.

"ಬರೋ ಗಂಡಲ್ಲಿ ಏನು ಕೊರತೆ?"

"ಕೊರತೆ ಏನಿಲ್ಲ. ಮಾತು ಚೆನ್ನಾಗಿ ಬರುತ್ತಂತೆ. ಆದ್ರೆ ಈ ಮದುವೆ ಬೇಕಾ ಅಂತ ಅವರನ್ನ ಯಾರಾದ್ರೂ ಕೇಳಿದ್ರಾ? ನನ್ನನ್ನಂತೂ ಕೇಳಿಲ್ಲ, ಹೋಗಲಿ. ಅವರನ್ನಾದ್ರೂ ಕೇಳಿದ್ರಾ?"

ಜನ ಇದಕ್ಕೂ ನಕ್ಕರು. ನನಗೆ ನಗು ಬರಲಿಲ್ಲ. ಅಷ್ಟು ದಿನದಲ್ಲಿ ಯಾರೂ ನನ್ನನ್ನು ಆ ಮಾತು ಕೇಳಿರಲಿಲ್ಲ. ಈ ಹುಡುಗಿ ಮುನ್ನೂರು ಜನರ ಮುಂದೆ, ಕತ್ತಲಲ್ಲಿ ಕೂತು ಕೇಳಿದಳು. ಅಪ್ಪನ ದನಿ ನನಗೆ ಮರೆತೇ ಹೋಯಿತು.

"ಇಲ್ಲ. ಯಾರೂ ಕೇಳಲಿಲ್ಲ" ಅಂದೆ, ನನ್ನ ಸ್ವಂತ ಗಂಟಲಲ್ಲಿ.

"ಮತ್ತೆ?" ಅಂದಳು ಅವಳು ಮೆಲ್ಲಗೆ.

"ಹೋಗು ಮಗಳೇ, ಹೋಗು" ಅಂತ ಕೆಳಗಿನಿಂದ ಒಬ್ಬಳು ಕೂಗಿದಳು. "ಬಾಗಿಲು ಬಿಡೋ ಮುದುಕಪ್ಪ" ಅಂತ ಬೆಸ್ತರು. ದೀಪಸ್ತಂಭದ ಮುದುಕಿ ಎದ್ದೇ ನಿಂತಿದ್ದಳು. ನನಗೂ ಬೇರೆ ದಾರಿ ಕಾಣಲಿಲ್ಲ.

"ಹಾಗಾದರೆ ಹೋಗಿ ಬಾ, ಮಗಳೇ" ಅಂದೆ. "ಗಾಳಿ ಜೋರಾಗಿದೆ. ಏನಾದರೂ ಹೊದ್ದುಕೊಂಡು ಹೋಗು."

ಮಂದಿರವೆಲ್ಲ ಗೊಳೋ ಅಂತ ಅತ್ತಿತು. ಸರಿಯಾಗಿ ಅದೇ ಹೊತ್ತಿಗೆ, ಮೈಯೆಲ್ಲ ಮೀನಿನ ಹುರುಪೆ ಮೆತ್ತಿಕೊಂಡು ಗಿನ್‌ಜಿ ಬಂದ. ಐದನೇ ರೀಲು ಏರಿತು. ಪರದೆ ಬೆಳಗಿತು. ಹೊರಗೆ ಹೋದ ಹುಡುಗಿ ಮದುವೆಯ ಬಿಳಿ ಮುಸುಕು ಹಾಕಿಕೊಂಡು, ತಲೆ ತಗ್ಗಿಸಿ, ಆ ಬೇರೆ ವರನ ಪಕ್ಕದಲ್ಲಿ ಕೂತಿದ್ದಳು.

ಕೆಳಗಿನವರೆಲ್ಲ ಕತ್ತು ಮುಂದೆ ಚಾಚಿದರು.

"ಇದ್ಯಾರ ಮದುವೆ?" ಅಂತ ಒಬ್ಬಳು ಕೇಳಿದಳು.

"ಬೇರೆ ಯಾವುದೋ ಚಿತ್ರದ ರೀಲು ತಂದವ್ನೆ ಈ ಗಿನ್‌ಜಿ."

"ಅಯ್ಯೋ ನಿನ್ನ ಹೊಟ್ಟೆಗಿಷ್ಟು. ಹೋಗಿ ಸರಿಯಾದ್ದು ತಗೊಂಬಾರಯ್ಯ."

ಗಿನ್‌ಜಿ ಡಬ್ಬಿಯ ಮೇಲಿನ ಚೀಟಿ ತೋರಿಸಿ ಆಣೆ ಪ್ರಮಾಣ ಮಾಡಿದ. ಕುರಾತಾ ಎದ್ದು, ಕಾಗದ ಎತ್ತಿ ಹಿಡಿದು, "ನೋಡ್ರಮ್ಮ, ಬರಹದಲ್ಲೂ ಹಿಂಗೇ ಇದೆ. ಹುಡುಗಿ ಮದುವೆ ಆಗ್ತಾಳೆ" ಅಂದ. "ನಿಮ್ಮ ಠಾಣೇಲಿ ಬೇಕಾದ್ರೆ ಮಾಡಿಸ್ಕೊಳ್ಳಿ ಮದುವೆ" ಅಂತ ಅವನನ್ನು ಕೂರಿಸಿದರು. ಚಿತ್ರ ಸುಳ್ಳು, ನಾವು ಕೇಳಿದ್ದೇ ನಿಜ ಅಂತ ಅವರೆಲ್ಲ ಒಂದೇ ಹಟ ಹಿಡಿದರು. ದಿಂಬುಗಳು ಈ ಸಲ ಪರದೆಯ ಮೇಲೆ ಬಿದ್ದವು. ಕೊನೆಗೆ ಐದನೇ ರೀಲನ್ನು ನಿಲ್ಲಿಸಿ ಆಟ ಮುಗಿಸಬೇಕಾಯಿತು. ಜನ ತೃಪ್ತಿಯಿಂದ ಚಪ್ಪಲಿ ಮೆಟ್ಟಿಕೊಂಡು ಮನೆಗೆ ಹೋದರು. ಕುರಾತಾ ಮರುದಿನ ಬಂದು, ಚಿತ್ರ ಓಡುವಾಗ ಆಡಿದ ಮಾತಿಗೆ ನಿಯಮವಿದೆ, ಚಿತ್ರವಿಲ್ಲದಾಗ ಆಡಿದ್ದಕ್ಕೆ ನಿಯಮ ಸಿಗಲಿಲ್ಲ ಅಂತ ಹೇಳಿ, ಒಂದು ಲೋಟ ಚಹಾ ಕುಡಿದು ಹೋದ.

ಅಂಥ ರಂಪಾಟದ ಮೇಲೆ ಸಂಬಂಧ ಮುರಿಯುವುದು ಖಂಡಿತ ಅಂತ ನನ್ನ ಲೆಕ್ಕ. ಆದರೆ ಬೆಳಗಾಗುವುದರೊಳಗೆ ನಾನೇ ಕೆಟ್ಟುಹೋಗಿದ್ದೆ. ಅದು ಮುರಿಯಬಾರದು ಅನ್ನಿಸತೊಡಗಿತ್ತು. ಮಲಗಿದರೂ ಎದ್ದರೂ ಆ ಎದೆಯ ದನಿ "ಮತ್ತೆ?" ಅನ್ನುತ್ತಿತ್ತು. ಅಷ್ಟರಲ್ಲಿ ಅಮ್ಮ ಮಸುಯ ಮನೆಯಿಂದ ಓಡೋಡಿ ಬಂದಳು.

"ಒಪ್ಪಿದ್ರು ಕಣೋ. ತೊಸೆ ಅಮ್ಮನೋರು ಏನಂದ್ರು ಗೊತ್ತಾ? ಆ ಹುಡುಗಿ ಮನೇಲಿ ದಿನಕ್ಕೆ ಹತ್ತು ಮಾತಾಡಿದ್ರೆ ಹೆಚ್ಚಂತೆ. ನಿನ್ನ ಜೊತೆ ಆಡಿದ್ಳಲ್ಲ, ಈ ಹುಡುಗನೇ ಸರಿ ಅಂದ್ರು. ಆದ್ರೆ ಆ ದೀಪದ ಹತ್ತಿರ ಇನ್ನು ನಿಲ್ಲೋ ಹಾಗಿಲ್ಲ."

"ನಿಲ್ಲಲ್ಲ" ಅಂದೆ.

ಅಮ್ಮ ಜ್ವರವಿದೆಯೇ ಅಂತ ನನ್ನ ಹಣೆ ಮುಟ್ಟಿ ನೋಡಿದಳು.

ನಾನು ಒಳ್ಳೆಯ ಬಟ್ಟೆ ಹಾಕಿಕೊಂಡು ಮಸುಯ ಮನೆಯ ಹಿತ್ತಿಲಿಗೆ ಹೋದೆ. ಬೇಯುತ್ತಿದ್ದ ಸೋಯಾ ಕಾಳಿನ ಹಬೆಯಲ್ಲಿ ಮಿನೆ ಅಂಗಿಯ ತೋಳನ್ನು ಮೇಲಕ್ಕೆ ಬಿಗಿದು ಕಟ್ಟಿಕೊಂಡು, ಎತ್ತರದ ಮರದ ತೊಟ್ಟಿಯನ್ನು ಉದ್ದನೆಯ ಕೋಲಿನಲ್ಲಿ ಕಲಕುತ್ತಿದ್ದಳು. ಅವಳು ದೊಡ್ಡವಳಾದ ಮೇಲೆ ಹಗಲು ಬೆಳಕಿನಲ್ಲಿ ಅವಳನ್ನು ನೋಡಿದ್ದು ಅದೇ ಮೊದಲು. ಮೂಗು ಸ್ವಲ್ಪ ಚಪ್ಪಟೆ, ಕಣ್ಣು ಬಲು ಚುರುಕು.

"ನಾನು ಬರ್ತೀನಿ" ಅಂದೆ.

"ಎಲ್ಲಿಗೆ?"

"ಈ ಮನೆಗೆ. ನಿನ್ನೆ ಯಾರೂ ಕೇಳಿಲ್ಲ ಅಂದೆನಲ್ಲ, ನೀವು ಕೇಳಿದ್ರಿ. ಬರ್ತೀನಿ."

"ಬಂದು ಏನ್ಮಾಡ್ತೀರಿ?"

"ಈ ಕೋಲು ಹಿಡೀತೀನಿ."

"ಮಾತು?"

"ಬಿಡ್ತೀನಿ. ಅಜ್ಜಿ ಹಾಗಂತ ಹೇಳಿ ಕಳಿಸಿದ್ದಾರಲ್ಲ."

ಅವಳು ಕೋಲನ್ನು ತೊಟ್ಟಿಯ ಅಂಚಿಗೆ ಒರಗಿಸಿದಳು.

"ಹಾಗಾದ್ರೆ ಬೇಡಿ."

"ಯಾಕೆ?"

"ಎರಡು ವರ್ಷದಿಂದ ವಾರಕ್ಕೊಂದು ಮಧ್ಯಾಹ್ನ, ಅಡುಗೆಯವಳ ಬಟ್ಟೆ ಹಾಕ್ಕೊಂಡು ಕೆಳಗೆ ಹೆಂಗಸರ ಕಡೆ ಕೂತು ನಿಮ್ಮ ಮಾತು ಕೇಳಿದ್ದೀನಿ. ನನಗೆ ಅಂತ ಇರೋದು ಅದೊಂದೇ. ಅದನ್ನ ತಂದು ಈ ತೊಟ್ಟೀಲಿ ಅದ್ದಿಬಿಟ್ರೆ ನನಗೇನು ಉಳಿಯುತ್ತೆ? ಗಂಡ ಯಾರಾದ್ರೂ ಸಿಗ್ತಾರೆ."

ನಾನು ಆ ಒಳ್ಳೆಯ ಬಟ್ಟೆಯಲ್ಲೇ ಬಂದ ದಾರಿ ಹಿಡಿದೆ. ಆ ಸಂಜೆ ಅವಳು ಅಜ್ಜಿಗೆ ಹುಡುಗ ಬೇಡವೆಂದು ಹೇಳಿದಳು. ಅಮ್ಮನ ಋಣಕ್ಕೆ ಕುಂದು ಬರಲಿಲ್ಲ, ನನ್ನ ದೀಪ ನನಗೇ ಉಳಿಯಿತು. ನಾನು ಬಯಸಿದ್ದು ಅಕ್ಷರಶಃ ಕೈಗೆ ಬಂತು, ಮತ್ತು ನನ್ನಷ್ಟು ಸಿಟ್ಟಾದವನು ಊರಲ್ಲಿ ಯಾರೂ ಇರಲಿಲ್ಲ.

ಅಲ್ಲಿಂದ ಮುಂದೆ ಅವಳು ಪ್ರತಿ ವಾರ ರಾಜಾರೋಷವಾಗಿ ಮಹಡಿಗೇ ಬಂದಳು. ಪಕ್ಕದಲ್ಲಿ ಅಜ್ಜಿ. ಅಜ್ಜಿಗೆ ಚಿತ್ರದ ಹುಚ್ಚು ಹಿಡಿದುಬಿಟ್ಟಿತ್ತು, ಪಾಪ. ನಡುನಡುವೆ ಹೊಸ ಹೊಸ ವರಗಳೂ ಬಂದು ಹೋದರು. ಮಿನೆ ಒಬ್ಬನ ಕಿವಿ ಚಿಕ್ಕದೆಂದಳು. ಎಲ್ಲರೂ ಸೊರ್ರನೆ ಹೀರುವ ಸೊಬಾ ಶಾವಿಗೆಯನ್ನು ಒಬ್ಬ ಸದ್ದೇ ಮಾಡದೆ ತಿಂದ, ಅಂಥವನನ್ನು ನಂಬುವುದು ಹೇಗೆ ಅಂದಳು. ಹನ್ನೊಂದು ಜನ ಹೀಗೆ ಹೋದರೆಂದು ಅಮ್ಮ ಹೇಳುತ್ತಿದ್ದಳು. ದಾರಿಯಲ್ಲಿ ಎದುರಾದರೆ ಇಬ್ಬರೂ ತಲೆಬಾಗಿ ನಮಸ್ಕರಿಸುತ್ತಿದ್ದೆವು, ಮುಂದೆ ಹೋಗುತ್ತಿದ್ದೆವು. ಉಳಿದ ಮಾತನ್ನೆಲ್ಲ ನಾನು ವಾರಕ್ಕೊಮ್ಮೆ ಮಹಡಿಯ ಬಲಮೂಲೆಯನ್ನು ನೋಡಿ ಆಡುತ್ತಿದ್ದೆ. ಆ ಆರು ವರ್ಷ ನಾನು ಆಡಿದಷ್ಟು ಚೆನ್ನಾಗಿ ಹಿಂದೆಂದೂ ಆಡಿರಲಿಲ್ಲ.

ಆಮೇಲೆ ಚಿತ್ರಗಳಿಗೇ ಬಾಯಿ ಬಂತು, ಟಾಕಿ ಬಂತು. ಮಿನಾತೊ ಮಂದಿರದ ಪರದೆಯ ಹಿಂದೆ ಎರಡು ದೊಡ್ಡ ಧ್ವನಿಪೆಟ್ಟಿಗೆ ಇಟ್ಟರು. ಬೆನ್ಶಿಗಳು, ಪಿಟೀಲಿನವನು, ಡೋಲಿನವನು ಎಲ್ಲ ಸೇರಿ ಮೂರು ದಿನ ಬಾಗಿಲಲ್ಲಿ ಧರಣಿ ಕೂತೆವು. ಊರಿನವರು ಕಣ್ಣೀರು ಹಾಕಿಕೊಂಡು ನಮಗೆ ಅನ್ನದುಂಡೆ ತಂದುಕೊಟ್ಟರು, ಆಮೇಲೆ ಹಿಂಬಾಗಿಲಿಂದ ಒಳಗೆ ಹೋಗಿ ಟಾಕಿ ನೋಡಿ ಬಂದರು. ನಾಲ್ಕನೇ ದಿನ ನಮಗೆ ಒಂದು ಕೊನೆಯ ಆಟ ಬಿಟ್ಟುಕೊಟ್ಟರು, ಮಧ್ಯಾಹ್ನದ್ದು. ಮಂದಿರ ಅರ್ಧವೂ ತುಂಬಲಿಲ್ಲ. ಕುರಾತಾ ಮಾತ್ರ ರಜೆ ಹಾಕಿ, ಟಿಕೇಟು ಕೊಂಡು ಬಂದಿದ್ದ.

ಆಟ ಮುಗಿದ ಮೇಲೆ ಒಳಕೋಣೆಯಲ್ಲಿ ನಾನು ಆಟಕ್ಕೆ ಹಾಕುತ್ತಿದ್ದ ಮೇಲಂಗಿ ಮಡಿಸುತ್ತಾ ಕೂತಿದ್ದೆ. ಮಡಿಕೆ ಸರಿಬರಲಿಲ್ಲ, ಬಿಚ್ಚಿ ಮತ್ತೆ ಮಡಿಸಿದೆ. ಬಾಗಿಲು ಸರಿಯಿತು. ಮಿನೆ ಒಳಗೆ ಬಂದು ಎದುರಿಗೆ ಕೂತಳು. ಅವಳಿಗೆ ಆಗ ಇಪ್ಪತ್ತಾರು.

"ಈಗ ಬರಬಹುದು" ಅಂದಳು.

"ಎಲ್ಲಿಗೆ?"

"ಮನೆಗೆ. ಅಜ್ಜಿ ಒಪ್ಪಿದ್ದಾರೆ. ನಿಮ್ಮಮ್ಮನನ್ನೂ ಕೇಳಿದ್ದೀನಿ. ಈಗ ನಿಮ್ಮನ್ನ ಕೇಳ್ತಿದ್ದೀನಿ."

ನನಗೆ ಸಿಟ್ಟು ಉಕ್ಕಿ ಬಂತು.

"ಈಗ ನನ್ನ ಹತ್ರ ಏನಿದೆ ಅಂತ ಬರ್ಲಿ? ಎಲ್ಲ ಹೋಯ್ತು."

"ಅದಕ್ಕೇ ಹೇಳ್ತಿರೋದು. ಬಿಟ್ಟು ಬನ್ನಿ ಅಂತ ಇನ್ನು ಯಾರೂ ಹೇಳೋ ಹಾಗಿಲ್ಲ. ಬಿಡೋಕೆ ಏನೂ ಉಳಿದಿಲ್ವಲ್ಲ."

"ಇದಕ್ಕೇ ಕಾಯ್ತಿದ್ರಾ, ಇಷ್ಟು ವರ್ಷ?"

"ಇಲ್ಲ" ಅಂದಳು. ಅವಳ ದನಿ ಮೊದಲ ಸಲ ಒಡೆಯಿತು. "ಇದು ಯಾವತ್ತೂ ಆಗ್ಬಾರ್ದು ಅಂತಿದ್ದೆ. ನಾನು ಮುದುಕಿ ಆಗೋವರೆಗೂ ಮಹಡಿ ಮೇಲೆ ಕೂತು ಕೇಳ್ತಿರ್ತೀನಿ ಅಂದ್ಕೊಂಡಿದ್ದೆ. ಏನ್ಮಾಡೋದು, ಆಗ್ಹೋಯ್ತು."

ಹೂಂ ಅನ್ನಬೇಕಿತ್ತು. ಆ ಒಂದು ಅಕ್ಷರ ಬಾಯಿಗೆ ಬರುವ ಮುಂಚೆ ಅಳು ಬಂತು. ಅವಳಿಗಾಗಿ ಅಲ್ಲ, ಸಂತೋಷಕ್ಕೂ ಅಲ್ಲ. ಹೊರಗೆ ಆರಿಸಿಟ್ಟಿದ್ದ ಆ ಪುಟ್ಟ ದೀಪಕ್ಕಾಗಿ ಅತ್ತೆ. ಅದು ಅವಳಿಗೂ ಗೊತ್ತಾಯಿತು, ಆದರೂ ಅವಳು ಎದ್ದು ಹೋಗಲಿಲ್ಲ. ನನ್ನ ಕೈಯಿಂದ ಮೇಲಂಗಿ ತೆಗೆದುಕೊಂಡು ತಾನೇ ಮಡಿಸತೊಡಗಿದಳು.

"ಅಳಿ, ಪರವಾಗಿಲ್ಲ" ಅಂದಳು. "ಆರು ವರ್ಷ ಕಾದಿದ್ದೀನಿ, ಇನ್ನೊಂದು ಅರ್ಧ ಗಂಟೆ ಕಾಯೋದೇನು ದೊಡ್ಡದಲ್ಲ."

ಹೂಂ ಅನ್ನಲು ನನಗೆ ಒಂದು ಗಂಟೆ ಹಿಡಿಯಿತು.